ಮೊಟ್ಟೆಯೊಳಗಿನ 21 ದಿನ: ಮರಿ ಎಲ್ಲಿ ಸಾಯುತ್ತದೆ, ಯಾಕೆ ಸಾಯುತ್ತದೆ?

ನಾಟಿ ಕೋಳಿ ಮೊಟ್ಟೆ ಕಾವಿಗಿಟ್ಟವರ ದೂರು ಹೆಚ್ಚಾಗಿ ಒಂದೇ: ‘20 ಇಟ್ಟೆ, 11 ಮರಿ ಆಯ್ತು. ಉಳಿದದ್ದು ಯಾಕೆ ಹಾಳಾಯ್ತೋ ಗೊತ್ತಾಗ್ಲಿಲ್ಲ.’ ಹಾಳಾದ ಮೊಟ್ಟೆಯನ್ನು ತಿಪ್ಪೆಗೆ ಎಸೆಯುವ ಮುಂಚೆ ಒಡೆದು ನೋಡಿ. ಮರಿ ಯಾವ ಹಂತದಲ್ಲಿ ಸತ್ತಿದೆ ಅನ್ನೋದೇ ತಪ್ಪು ಎಲ್ಲಾಗಿದೆ ಅಂತ ಹೇಳುತ್ತದೆ. ಅದಕ್ಕೆ ಒಳಗಿನ ಲೆಕ್ಕ ಗೊತ್ತಿರಬೇಕು.

ಕಾವಿಗಿಡುವ ಮುಂಚೆ

ಹುಂಜ ಕೂಡಿದ ಕೋಳಿಯ ಹೊಟ್ಟೆಯಲ್ಲಿ ಮೊಟ್ಟೆ ಸುಮಾರು ಒಂದು ದಿನ ಇರುತ್ತದೆ. ಹಾಗಾಗಿ ಮೊಟ್ಟೆ ಇಡುವ ಹೊತ್ತಿಗೇ ಭ್ರೂಣದಲ್ಲಿ ಸಾವಿರಾರು ಜೀವಕೋಶ ಆಗಿರುತ್ತವೆ. ಹಳದಿಯ ಮೇಲೆ ಕಾಣುವ ಬಿಳಿ ಚುಕ್ಕೆಯೇ ಅದು. ಮೊಟ್ಟೆ ತಣ್ಣಗಾದರೆ ಬೆಳವಣಿಗೆ ನಿಲ್ಲುತ್ತದೆ, ಕಾವು ಸಿಕ್ಕಾಗ ಮತ್ತೆ ಶುರುವಾಗುತ್ತದೆ.

ತೊಂದರೆ ಇರೋದು ಬೇಸಿಗೆಯಲ್ಲಿ. 30 ಡಿಗ್ರಿ ದಾಟಿದ ಶೀಟ್ ಮನೆಯಲ್ಲಿ ಮೊಟ್ಟೆ ಇಟ್ಟರೆ ಭ್ರೂಣ ಪೂರ್ತಿ ನಿಲ್ಲೋದೂ ಇಲ್ಲ, ಸರಿಯಾಗಿ ಬೆಳೆಯೋದೂ ಇಲ್ಲ. ಬಲ ಕಳೆದುಕೊಂಡು ಸಾಯುತ್ತದೆ. 15ರಿಂದ 18 ಡಿಗ್ರಿ ಒಳ್ಳೆಯದು. ಅಷ್ಟು ತಂಪು ಸಿಗದಿದ್ದರೆ ಒದ್ದೆ ಮರಳಿನ ಮೇಲೆ ಮಣ್ಣಿನ ಮಡಕೆ ಇಟ್ಟು ಅದರೊಳಗೆ ಇಡಿ. ಚೂಪು ತುದಿ ಕೆಳಗಿರಲಿ. ಮೊಟ್ಟೆ ತೊಳೆಯಬೇಡಿ. 7 ದಿನದೊಳಗೆ ಕಾವಿಗಿಡಿ.

1ರಿಂದ 7ನೇ ದಿನ

ಎರಡನೇ ದಿನವೇ ಹೃದಯ ಬಡಿಯಲು ಶುರು ಮಾಡುತ್ತದೆ. ಮೂರನೇ ದಿನಕ್ಕೆ ರೆಕ್ಕೆ, ಕಾಲುಗಳ ಮೊಳಕೆ. ಆಮೇಲೆ ಕಣ್ಣು ಕಪ್ಪಗೆ ಕಾಣುತ್ತದೆ. ಹಳದಿ ಆಹಾರ, ಬಿಳಿ ನೀರು ಮತ್ತು ಪ್ರೋಟೀನು, ಚಿಪ್ಪು ಸುಣ್ಣ ಕೊಡುತ್ತದೆ. ಚಿಪ್ಪಿನ ಸಾವಿರಾರು ಸಣ್ಣ ರಂಧ್ರಗಳಿಂದ ಗಾಳಿ ಬರುತ್ತದೆ.

7ನೇ ದಿನ ರಾತ್ರಿ ಕತ್ತಲೆಯಲ್ಲಿ ಮೊಬೈಲ್ ಟಾರ್ಚನ್ನು ಮೊಟ್ಟೆಯ ಅಗಲ ತುದಿಗೆ ಹಿಡಿಯಿರಿ. ಜೇಡನ ಕಾಲಿನಂತೆ ಹರಡಿದ ಕೆಂಪು ನರಗಳು, ನಡುವೆ ಕಪ್ಪು ಚುಕ್ಕೆ ಕಂಡರೆ ಮರಿ ಬದುಕಿದೆ. ಏನೂ ಕಾಣದೆ ತಿಳಿಯಾಗಿದ್ದರೆ ತೆಗೆದುಬಿಡಿ. ಒಂದು ಕೆಂಪು ಉಂಗುರ ಮಾತ್ರ ಇದ್ದರೆ ಭ್ರೂಣ ಶುರುವಾಗಿ ಸತ್ತಿದೆ ಅಂತ ಅರ್ಥ, ಅದನ್ನೂ ತೆಗೆಯಿರಿ. ಬಿಟ್ಟರೆ ಕೊಳೆತು ಒಡೆದು ಪಕ್ಕದ ಮೊಟ್ಟೆಗಳನ್ನೂ ಕೆಡಿಸುತ್ತದೆ.

8ರಿಂದ 18ನೇ ದಿನ

ಕೊಕ್ಕು ಗಟ್ಟಿಯಾಗುತ್ತದೆ, ಮೈಮೇಲೆ ನಯವಾದ ಪುಕ್ಕ ಬರುತ್ತದೆ. ಸುಮಾರು 14ನೇ ದಿನ ಮರಿ ತಲೆಯನ್ನು ಗಾಳಿ ಇರುವ ಅಗಲ ತುದಿಯ ಕಡೆ ತಿರುಗಿಸಿಕೊಳ್ಳತೊಡಗುತ್ತದೆ.

ಕಾವು ಕೂತ ಕೋಳಿ ಮೊಟ್ಟೆಗಳನ್ನು ಆಗಾಗ ಹೊರಳಿಸುತ್ತಲೇ ಇರುತ್ತದೆ. ಇದು ಸುಮ್ಮನೆ ಅಲ್ಲ. ಹೊರಳಿಸದಿದ್ದರೆ ಭ್ರೂಣ ಒಳಪೊರೆಗೆ ಅಂಟಿಕೊಳ್ಳುತ್ತದೆ. ಇನ್‌ಕ್ಯುಬೇಟರ್‌ನಲ್ಲಿ ಆ ಕೆಲಸ ನಮ್ಮದು: ದಿನಕ್ಕೆ ಕನಿಷ್ಠ 3ರಿಂದ 5 ಸಲ, 18ನೇ ದಿನದವರೆಗೆ. ಫ್ಯಾನ್ ಇರುವ ಯಂತ್ರದಲ್ಲಿ ಶಾಖ 37.5 ಡಿಗ್ರಿ ಸುತ್ತಮುತ್ತ, ತೇವಾಂಶ 50–55% ಇರಲಿ.

ಕರೆಂಟ್ ಹೋದರೆ ಗಾಬರಿಯಾಗಿ ಮುಚ್ಚಳ ತೆಗೆಯಬೇಡಿ. ಸ್ವಲ್ಪ ಹೊತ್ತಿನ ತಂಪನ್ನು ಭ್ರೂಣ ತಡೆದುಕೊಳ್ಳುತ್ತದೆ. ಕೋಳಿಯೂ ದಿನಾ ಮೇವಿಗೆ ಎದ್ದು ಹೋಗುತ್ತದಲ್ಲ! ಆದರೆ 40 ಡಿಗ್ರಿ ದಾಟಿದ ಶಾಖವನ್ನು ತಡೆಯೋದಿಲ್ಲ.

19ರಿಂದ 21ನೇ ದಿನ

ಹೊರಳಿಸೋದು ನಿಲ್ಲಿಸಿ. ತೇವಾಂಶ 65–70%ಗೆ ಏರಿಸಿ, ಗಾಳಿ ಕಿಂಡಿ ತೆರೆದಿಡಿ. ಉಳಿದ ಹಳದಿ ಈಗ ಮರಿಯ ಹೊಟ್ಟೆಯೊಳಗೆ ಸೇರುತ್ತದೆ. ಮರಿ ಒಳಪೊರೆ ಒಡೆದು ಮೊದಲ ಉಸಿರು ತೆಗೆದುಕೊಳ್ಳುತ್ತದೆ, ಆಮೇಲೆ ಕೊಕ್ಕಿನ ತುದಿಯ ಪುಟ್ಟ ಮುಳ್ಳಿನಿಂದ ಚಿಪ್ಪಿಗೆ ತೂತು ಹಾಕುತ್ತದೆ.

ತೂತು ಬಿದ್ದು ಗಂಟೆಗಟ್ಟಲೆ ಸುಮ್ಮನಿದ್ದರೆ ‘ಪಾಪ, ಸಿಕ್ಕಿಕೊಂಡಿದೆ’ ಅಂತ ಚಿಪ್ಪು ಸುಲಿಯಬೇಡಿ. ಪೊರೆಯಲ್ಲಿ ಇನ್ನೂ ರಕ್ತ ಹರಿಯುತ್ತಿರಬಹುದು, ಹಳದಿ ಪೂರ್ತಿ ಒಳಗೆ ಹೋಗಿರದೆ ಇರಬಹುದು. ಆಗ ಎಳೆದರೆ ರಕ್ತ ಸೋರಿ ಸಾಯುತ್ತದೆ. ಯಂತ್ರದ ಮುಚ್ಚಳ ತೆಗೆದು ತೆಗೆದು ನೋಡಿದರೂ ಪೊರೆ ಒಣಗಿ ಮರಿಗೆ ಸುತ್ತಿಕೊಳ್ಳುತ್ತದೆ.

ಒಡೆದು ನೋಡಿದಾಗ

- ಭ್ರೂಣವೇ ಇಲ್ಲ: 8–10 ಹೇಟೆಗೆ ಒಂದು ಚುರುಕಾದ ಹುಂಜ ಇದೆಯಾ ನೋಡಿ.
- ರಕ್ತದ ಉಂಗುರ: ಮೊಟ್ಟೆ ಹಳೆಯದು, ಇಟ್ಟ ಜಾಗ ಬಿಸಿ ಅಥವಾ ಮೊದಲ ದಿನಗಳ ಶಾಖ ಏರುಪೇರು.
- ಅರ್ಧ ಬೆಳೆದು ಸತ್ತಿದೆ: ತಾಯಿ ಕೋಳಿಗೆ ಪೋಷಕಾಂಶದ ಕೊರತೆ ಇರಬಹುದು. ಬರೀ ಕಾಳು ಸಾಲದು. ಸೊಪ್ಪು, ಖನಿಜ ಮಿಶ್ರಣ ಕೊಡಿ.
- ಪೂರ್ತಿ ಬೆಳೆದು ಒಳಗೇ ಸತ್ತಿದೆ: ಹೊರಳಿಸಿದ್ದು ಸಾಲದು, ಇಲ್ಲವೇ ಕೊನೆಯ ದಿನಗಳ ತೇವ, ಗಾಳಿ ಸರಿ ಇಲ್ಲ.

ಪ್ರತಿ ಮೊಟ್ಟೆಯ ಮೇಲೆ ಇಟ್ಟ ದಿನಾಂಕವನ್ನು ಪೆನ್ಸಿಲ್‌ನಲ್ಲಿ ಬರೆಯಿರಿ. ಎಷ್ಟು ಮೊಟ್ಟೆ ಯಾವ ಹಂತದಲ್ಲಿ ಹೋಯಿತು ಅಂತ ಮೊಬೈಲ್‌ನಲ್ಲೇ ನೋಟ್ ಮಾಡಿಕೊಳ್ಳಿ. ಎರಡು ಮೂರು ಸಲ ಬರೆದರೆ ನಿಮ್ಮ ನಷ್ಟ ಯಾವ ವಾರದಲ್ಲಿ ಆಗ್ತಿದೆ ಅಂತ ನಿಮಗೇ ಕಾಣುತ್ತದೆ. ಮುಂದಿನ ಸಲ ಮೊದಲು ಅದನ್ನೇ ಸರಿಪಡಿಸಿ.