ಭೂತನಾಳಕ್ಕೆ ಬಂದ ಬದಾಮಿ ಬಂಡೆ

ಸಾಕ್ಷ್ಯಚಿತ್ರಗಳಿಗೆ ಹಳೆಯ ದೃಶ್ಯ ಹುಡುಕಿಕೊಡುವುದು ನನ್ನ ಕೆಲಸ. ತೆರೆಯ ಮೇಲೆ ನನ್ನ ಹೆಸರು ಬರುವಷ್ಟೊತ್ತಿಗೆ ಜನ ಎದ್ದು ಚಪ್ಪಲಿ ಹುಡುಕುತ್ತಿರುತ್ತಾರೆ. ಅದಕ್ಕೆ ಬೇಸರವಿಲ್ಲ. ವಿಜಯಪುರದ ಹತ್ತಿರದ ಭೂತನಾಳ ಕೆರೆಯ ಚಿತ್ರದಲ್ಲಾದ ಎಡವಟ್ಟನ್ನು ನನ್ನ ತಲೆಗೆ ಕಟ್ಟಿದರಲ್ಲ, ಅದನ್ನು ಮಾತ್ರ ನುಂಗಿಕೊಳ್ಳಲಾರೆ.

ನಿರ್ದೇಶಕ ನಮ್ಮ ಕಾಕಾನ ಮಗ. 1972ರ ಬರದ ದೃಶ್ಯ ಬೇಕೇ ಬೇಕು ಎಂದು ಅವನ ಹಟ. ಕನ್ನಡದ ಮೊದಲ ವಾಕ್ಚಿತ್ರ ‘ಸತಿ ಸುಲೋಚನ’ದ ಪ್ರತಿಯನ್ನೇ ಉಳಿಸಿಕೊಳ್ಳದ ನಾಡು ನಮ್ಮದು, ಒಣಗಿದ ಕೆರೆಯ ರೀಲನ್ನು ಯಾರು ಕಾಪಾಡಿಟ್ಟಾರು? ಆದರೂ ಹುಡುಕಿದೆ. ‘ವಿಜಯಪುರ’ ಎಂದರೆ ಹಳೆಯದು ಸಿಗುವುದಿಲ್ಲ, ಹೆಸರು ಬದಲಾದದ್ದು 2014ರಲ್ಲಿ. ‘ಬಿಜಾಪುರ’ ಎಂದರೆ ಛತ್ತೀಸಗಡದ ಬಿಜಾಪುರ ಬಂದು ಕೂರುತ್ತದೆ, ಕಾಡು ಮತ್ತು ಬಂದೂಕಿನ ಸಮೇತ. ಅದನ್ನು ದಾಟಿದರೂ ಇನ್ನೊಂದು ತೊಡಕಿದೆ. 1997ರವರೆಗೆ ಬಾಗಲಕೋಟೆ ನಮ್ಮ ಜಿಲ್ಲೆಯೊಳಗೇ ಇತ್ತು. ಹಳೆಯ ಪಟ್ಟಿಯ ‘ಬಿಜಾಪುರ ಜಿಲ್ಲೆ’ ಐಹೊಳೆಯೂ ಆಗಬಹುದು, ಜಮಖಂಡಿಯೂ ಆಗಬಹುದು.

ಕೊನೆಗೆ ಒಂದು ಸಂಗ್ರಹದಲ್ಲಿ ‘ಬಿಜಾಪುರ, ಬರ, ಕೆರೆ’ ಎಂಬ ಕಾರ್ಡು ಸಿಕ್ಕಿತು. ಮಾದರಿ ಪ್ರತಿ ತರಿಸಿದೆವು, ಮೈಮೇಲೆಲ್ಲ ಸಂಸ್ಥೆಯ ಮುದ್ರೆ, ಕೆಳಗೆ ಓಡುವ ಟೈಮ್‌ಕೋಡ್. ಬಿರುಕುಬಿಟ್ಟ ಕೆರೆಯಂಗಳದಲ್ಲಿ ಹೆಂಗಸರು ಒರತೆ ತೋಡುತ್ತಿದ್ದಾರೆ, ಕಪ್ಪು-ಬಿಳುಪು, ನೋಡಿದರೆ ಕರುಳು ಕಿವುಚುತ್ತದೆ. ಅವರ ಹಿಂದೆ ಒಂದರ ಮೇಲೊಂದು ಪದರ ಪೇರಿಸಿಟ್ಟಂಥ, ಮೇಲಿಂದ ಕೆಳತನಕ ಸೀಳಿದ ಬಂಡೆ. ನಮ್ಮ ವಿಜಯಪುರದ್ದು ಲಾವಾ ಹರಿದು ಆದ ಕರಿಕಲ್ಲಿನ ಬಯಲು. ಇದು ಮರಳುಗಲ್ಲು, ಬದಾಮಿ ಕಡೆಯದು. ಅವತ್ತೇ ಹೇಳಿದೆ.

“ಬರ ಅಂದ್ರ ಬರ, ಅಣ್ಣಾ. ಕಪ್ಪು-ಬಿಳುಪಿನ್ಯಾಗ ಕಲ್ಲಿನ ಜಾತಿ ಯಾರು ಕೇಳ್ತಾರ?” ಅಂದ ತಮ್ಮ.

ಕ್ಯಾಮೆರಾದವನು ರೀಲಿನ ಜೊತೆ ಊರು, ತಾರೀಖು ಬರೆದು ಕಳಿಸುವ ಡೋಪ್ ಶೀಟ್ ಇದೆಯೇ ಎಂದು ಸಂಗ್ರಹದ ಗುಮಾಸ್ತರನ್ನು ಕೇಳಿದೆ. “ಕಾರ್ಡಿನಲ್ಲಿ ಬರೆದಿದೆಯಲ್ಲ” ಎಂದು ಫೋನಿಟ್ಟರು. ಸಿನಿಮಾದ ಹಕ್ಕು ಪ್ರಕಟವಾದ ಮರುವರ್ಷದಿಂದ 60 ವರ್ಷ. 1972ರದ್ದನ್ನು ಪುಕ್ಕಟೆ ಮುಟ್ಟುವಂತಿಲ್ಲ. ಸೆಕೆಂಡಿನ ಲೆಕ್ಕದಲ್ಲಿ ದರ, ಟಿವಿಗೆ ಬೇರೆ, ಇಂಟರ್ನೆಟ್ಟಿಗೆ ಬೇರೆ. ಕಟ್ಟಿದ ಹಣ ವಾಪಸಿಲ್ಲ. ಅರ್ಧ ನನ್ನ ಕಿಸೆಯಿಂದ ಕಟ್ಟಿಸಿದ.

ಮೊದಲ ಪ್ರದರ್ಶನ ಭೂತನಾಳದಲ್ಲೇ, ಗುಡಿಯ ಮುಂದೆ ಬಿಳಿ ಪರದೆ ಕಟ್ಟಿ. ಆ ದೃಶ್ಯ ಬಂತು, ಹಿನ್ನೆಲೆಯಲ್ಲಿ ಸಾರಂಗಿ. ಮುಂದಿನ ಸಾಲಿನ ಅಜ್ಜ ಒಬ್ಬರು ಪಟಕ ಸರಿಮಾಡಿಕೊಳ್ಳುತ್ತ ಜೋರಾಗಿಯೇ ಕೇಳಿದರು: “ಈ ಬಂಡಿ ನಮ್ಮ ಸೀಮ್ಯಾಗ ಎಲ್ಲಿ ಬಂತೋ ತಮ್ಮಾ?” ಹಿಂದಿನಿಂದ ಇನ್ನೊಬ್ಬರು, “ಬನಶಂಕರಿ ಜಾತ್ರಿಗೆ ಹೋದಾಗ ನೋಡೀವಲ್ಲ, ಅದs ಇದು” ಅಂದರು. ನಗು ಶುರುವಾಯಿತು. ಅದು ಹೋಗಲಿ ಅನ್ನಬಹುದಿತ್ತು. ಆಮೇಲೆ ಅದೇ ಕೆರೆಯ ಏರಿ ಬಂತು, ಹಿಂದಿನ ವಾರ ನಾವೇ ತೆಗೆದದ್ದು, ಅವರು ದಿನಾ ದಾಟುವ ಏರಿ. “ಇದೂ ಬದಾಮಿದೇನ್ರಿ?” ಎಂದ ಒಬ್ಬ ಹುಡುಗ. ಕೊಲ್ಹಾರದಿಂದ ಕೃಷ್ಣೆಯ ನೀರು ಬಂದ ಭಾಗಕ್ಕೂ ಅದೇ ಪ್ರಶ್ನೆ. ಒಂದು ಬಂಡೆಗಾಗಿ ಇಡೀ ಚಿತ್ರವನ್ನೇ ಯಾರೂ ನಂಬಲಿಲ್ಲ. ತಮ್ಮ ಪ್ರೊಜೆಕ್ಟರಿನ ಹಿಂದೆ ನಿಂತು ಫೋನು ನೋಡುತ್ತಿದ್ದ. ಊರವರಿಗೆ ಉತ್ತರ ಕೊಡುತ್ತ ನಿಂತವನು ನಾನು. ಹೊರಡುವಾಗ ಅವನ ಗೆಳೆಯರು, “ಹುಡುಕಿ ಕೊಟ್ಟವ್ರು ನೋಡಿ ಕೊಡಬೇಕಿತ್ತು” ಅಂದರು, ನನಗೆ ಕೇಳಿಸುವಂತೆಯೇ.

ಆ ಬಂಡೆಯನ್ನು ಹಟಕ್ಕೆ ಬಿದ್ದು ತೆಗೆಸಿದೆ. ಬದಲಿಗೆ ಮದುವೆ ಕ್ಯಾಸೆಟ್ಟು. ತೊಂಬತ್ತರ ದಶಕದಲ್ಲಿ ಹೊಸ ಜೋಡಿಯನ್ನು ಗೋಳಗುಮ್ಮಟ, ಭೂತನಾಳ ಎಂದು ಸುತ್ತಿಸಿ ‘ಔಟ್‌ಡೋರ್’ ತೆಗೆಯುತ್ತಿದ್ದರು. ಮದುಮಗಳ ಸೆರಗಿನ ಹಿಂದೆ ಕೆರೆ ಎಷ್ಟು ತುಂಬಿದೆ ಎಂಬುದು ಯಾವ ಸರಕಾರಿ ರೀಲಿಗಿಂತ ಚೆನ್ನಾಗಿ ಕಾಣುತ್ತದೆ. ಬರದ ಬಗ್ಗೆ ಅಜ್ಜನನ್ನೇ ಮಾತಾಡಿಸಿದೆವು.

ಇಂಥ ಕ್ಯಾಸೆಟ್ಟು ಸಿಕ್ಕರೆ ಸೀದಾ ವಿಸಿಆರ್‌ಗೆ ತುರುಕಬೇಡಿ. ಬೂಷ್ಟು ಹಿಡಿದ ಟೇಪು ಹೆಡ್ಡನ್ನೂ ಕೆಡಿಸಿ ಮುಂದಿನ ಕ್ಯಾಸೆಟ್ಟಿಗೂ ಹಬ್ಬುತ್ತದೆ; ಮೊದಲು ತಿಳಿದವರಿಂದ ಒರೆಸಿಸಿ. ಒಪ್ಪಿಗೆಪತ್ರಕ್ಕೆ ಮನೆಯವರ ಸಹಿಯೂ ಇರಲಿ, ತೆಗೆದ ವಿಡಿಯೋದವನ ಸಹಿಯೂ ಇರಲಿ. ಹಳೆಯ ಟಿವಿಯ ಚೌಕಟ್ಟಿನ ದೃಶ್ಯವನ್ನು ಅಗಲ ತೆರೆ ತುಂಬಲೆಂದು ಹಿಗ್ಗಿಸಲು ಬಿಡಬೇಡಿ. ತಮ್ಮ ಹಿಗ್ಗಿಸಿ ನೋಡಿದ, ಮೇಲೆ ಮದುಮಗನ ಪೇಟ ಹೋಯಿತು, ಕೆಳಗೆ ನೀರೇ ಹೋಯಿತು. ಎರಡೂ ಬದಿ ಕಪ್ಪು ಪಟ್ಟಿ ಇರಲಿ ಎಂದು ಎಡಿಟರಿಗೆ ನಾನೇ ಹೇಳಿದೆ.

ಚಿತ್ರದ ಅತ್ಯುತ್ತಮ ಶಾಟನ್ನು ಅಣ್ಣ ಕತ್ತರಿಸಿಹಾಕಿದ ಎಂದು ಅವನು ಈಗಲೂ ಮನೆಯ ಕಾರ್ಯಕ್ರಮಗಳಲ್ಲಿ ಹೇಳುತ್ತಿರುತ್ತಾನೆ. ಹೇಳಲಿ. ಆ ಶಾಟಿಗೆ ನಾನು ಕಟ್ಟಿದ ಅರ್ಧ ದುಡ್ಡು ಇನ್ನೂ ವಾಪಸ್ಸು ಬಂದಿಲ್ಲ. ಕಾಕಾನ ಮುಂದೆಯೇ ಕೇಳುವವನಿದ್ದೇನೆ.