ಥಯೋಟಿಮೋಲಿನ್: ಕಾರಣಕ್ಕಿಂತ ಮೊದಲು ಒದಗುವ ಕಾರ್ಯ

ಕಾಲವನ್ನು ವಿಕೃತಗೊಳಿಸುವ ದ್ರವ್ಯದ ಕಲ್ಪನೆ ವಿಜ್ಞಾನಕಥೆಗಳಲ್ಲಿ ಹೊಸದಲ್ಲ. ಎಚ್.ಜಿ. ವೆಲ್ಸ್ 1901ರಲ್ಲಿ ಪ್ರಕಟಿಸಿದ ‘ದಿ ನ್ಯೂ ಆಕ್ಸಲರೇಟರ್’ ಕಥೆಯಲ್ಲಿ ಪ್ರೊಫೆಸರ್ ಗಿಬರ್ನ್ ಸಿದ್ಧಪಡಿಸಿದ ಔಷಧವನ್ನು ಕುಡಿದವರ ದೇಹ ಮನಸ್ಸುಗಳು ಸಾವಿರಾರು ಪಟ್ಟು ವೇಗವನ್ನು ಪಡೆಯುತ್ತವೆ. ಸುತ್ತಲಿನ ಜಗತ್ತು ಚಿತ್ರದಂತೆ ನಿಶ್ಚಲವಾಗಿ ತೋರುತ್ತದೆ. ಅಲ್ಲಿಯ ಅಪಾಯ ದೈಹಿಕವಾದುದು. ಗಾಳಿಯ ಘರ್ಷಣೆಗೆ ತೊಟ್ಟ ಬಟ್ಟೆಯೇ ಸುಡತೊಡಗುತ್ತದೆ. ಆದರೆ ಕಾರ್ಯಕಾರಣಗಳ ಕ್ರಮಕ್ಕೆ ಅದರಿಂದ ಯಾವ ಭಂಗವೂ ಇಲ್ಲ. ಆ ಕ್ರಮವನ್ನೇ ತಲೆಕೆಳಗು ಮಾಡಿದ ದ್ರವ್ಯವೆಂದರೆ ಐಸಾಕ್ ಅಸಿಮೋವ್ ಕಲ್ಪಿಸಿದ ಥಯೋಟಿಮೋಲಿನ್.

1947ರಲ್ಲಿ ಅಸಿಮೋವ್ ನ್ಯೂಯಾರ್ಕಿನ ಕೊಲಂಬಿಯಾ ವಿಶ್ವವಿದ್ಯಾಲಯದಲ್ಲಿ ರಸಾಯನಶಾಸ್ತ್ರದ ಪಿಎಚ್.ಡಿ. ವಿದ್ಯಾರ್ಥಿಯಾಗಿದ್ದ. ಪ್ರಯೋಗದಲ್ಲಿ ಅವನು ಬಳಸುತ್ತಿದ್ದ ಕ್ಯಾಟೆಕಾಲ್ ಎಂಬ ವಸ್ತು ನೀರಿಗೆ ಸೋಕಿದ ಕ್ಷಣದಲ್ಲೇ ಕರಗಿಹೋಗುತ್ತಿತ್ತು. ಸೋಕುವ ಮುನ್ನವೇ ಕರಗುವ ವಸ್ತುವೊಂದಿದ್ದರೆ ಹೇಗೆ ಎಂಬ ವಿನೋದ ಅಲ್ಲಿ ಹುಟ್ಟಿತು. ಮಹಾಪ್ರಬಂಧವನ್ನು ಬರೆಯುವ ಕಾಲ ಹತ್ತಿರವಾಗಿತ್ತು. ಕಥೆ ಬರೆದು ಪಳಗಿದ ಕೈಗೆ ಸಂಶೋಧನೆಯ ಒಣ ಗದ್ಯ ಒಲಿಯುವುದೋ ಇಲ್ಲವೋ ಎಂಬ ಅಳುಕೂ ಇತ್ತು. ಅಭ್ಯಾಸಕ್ಕೆಂದು ಅವನು ಬರೆದ ಅಣಕು ಪ್ರಬಂಧ 1948ರ ಮಾರ್ಚ್ ತಿಂಗಳ ‘ಅಸ್ಟೌಂಡಿಂಗ್ ಸೈನ್ಸ್ ಫಿಕ್ಷನ್’ ಪತ್ರಿಕೆಯಲ್ಲಿ ಬಂದಿತು. ಕೋಷ್ಟಕಗಳೂ ಇಲ್ಲದ ನಿಯತಕಾಲಿಕಗಳ ಉಲ್ಲೇಖಗಳೂ ಅದರಲ್ಲಿ ಶಿಸ್ತಾಗಿ ನಿಂತಿವೆ. ಆ ನಿಯತಕಾಲಿಕಗಳನ್ನು ಓದುಗರು ಗ್ರಂಥಾಲಯಕ್ಕೆ ಹೋಗಿ ಕೇಳಿದರೆಂದು ಅಸಿಮೋವ್ ಹೇಳಿಕೊಂಡಿದ್ದಾನೆ. ಅಡಿಟಿಪ್ಪಣಿಗೆ ಇರುವ ಅಧಿಕಾರ ಅಂತಹುದು.

ಈ ಕಲ್ಪನೆಯ ಪ್ರಕಾರ ಶುದ್ಧ ಥಯೋಟಿಮೋಲಿನ್ ನೀರು ಬೀಳುವುದಕ್ಕೆ 1.12 ಸೆಕೆಂಡು ಮೊದಲೇ ಕರಗುತ್ತದೆ. ಇದನ್ನು ಕನ್ನಡದಲ್ಲಿ ಹೇಳಹೊರಟರೆ ಅದರ ವೈಚಿತ್ರ್ಯ ಇನ್ನಷ್ಟು ಸ್ಪಷ್ಟವಾಗುತ್ತದೆ. ‘ನೀರು ಬಿದ್ದು ಪುಡಿ ಕರಗಿತು’ ಎಂಬ ವಾಕ್ಯದಲ್ಲಿ ‘ಬಿದ್ದು’ ಎಂಬ ಕೃದವ್ಯಯ ಎರಡು ಕೆಲಸಗಳನ್ನು ಒಟ್ಟಿಗೆ ಮಾಡುತ್ತದೆ: ಬೀಳುವಿಕೆ ಮೊದಲು ನಡೆಯಿತೆಂದೂ ಅದೇ ಕರಗುವಿಕೆಗೆ ಕಾರಣವೆಂದೂ ತಿಳಿಸುತ್ತದೆ. ಸಂಸ್ಕೃತದ ಕ್ತ್ವಾ ಪ್ರತ್ಯಯಕ್ಕೆ ಪಾಣಿನಿ ವಿಧಿಸಿದ್ದು ಪೂರ್ವಕಾಲದ ಅರ್ಥವನ್ನೇ. ಕನ್ನಡದ ರೂಢಿಯಲ್ಲಿ ಆ ಪೂರ್ವಕಾಲದೊಳಗೆ ಹೇತುವೂ ಬಂದು ಸೇರಿಕೊಂಡಿದೆ. ‘ನೀರು ಬೀಳುವ ಮುನ್ನ ಪುಡಿ ಕರಗಿತು’ ಎಂದರೆ ಕಾಲ ಸರಿಹೋಗುತ್ತದೆ, ಕಾರಣ ಬಿಟ್ಟುಹೋಗುತ್ತದೆ. ಪುಡಿ ತಾನಾಗಿ ಕರಗಿತೆಂಬ ಭಾವ ಬರುತ್ತದೆ. ಎರಡನ್ನೂ ಉಳಿಸಿಕೊಳ್ಳಬೇಕಾದರೆ ‘ನೀರು ಬೀಳಲಿದ್ದುದರಿಂದ ಪುಡಿ ಕರಗಿತು’ ಎನ್ನಬೇಕು. ಅಸಿಮೋವನ ಇಡೀ ಕಲ್ಪನೆ ‘ಬೀಳಲಿದ್ದುದರಿಂದ’ ಎಂಬ ಆ ಒಂದು ಪದದಲ್ಲಿ ಅಡಗಿದೆ. ಮುಂದೆ ಆಗುವುದು ಹಿಂದಿನದಕ್ಕೆ ಹೇತುವಾಗುವುದು ಪ್ರಯೋಗಶಾಲೆಯಲ್ಲಿ ಅಸಾಧ್ಯವಾದರೂ ವಿದ್ವತ್ತಿನ ಲೋಕದಲ್ಲಿ ಅಪರೂಪವಲ್ಲ. ಆಕರ ಸಾಮಗ್ರಿ ಕೈಸೇರುವ ಮೊದಲೇ ನಿರ್ಣಯ ಸಿದ್ಧವಾಗಿರುವ ಮಹಾಪ್ರಬಂಧಗಳನ್ನು ಕಾಣದ ವಿಭಾಗವುಂಟೆ?

ದ್ರವ್ಯದ ಉಪಯೋಗಗಳು ಇದೇ ಗುಣದಿಂದ ಹೊರಡುತ್ತವೆ. ಪ್ರಯೋಗ ಮಾಡುವವನು ನೀರು ಹಾಕಲು ದೃಢವಾಗಿ ನಿಶ್ಚಯಿಸಿದ್ದರೆ ಪುಡಿ ಬೇಗ ಕರಗುತ್ತದೆ. ಹಿಂದುಮುಂದು ನೋಡಿದರೆ ತಡವಾಗುತ್ತದೆ. ಹೀಗೆ ರಾಸಾಯನಿಕವಾಗಿದ್ದುದು ಸಂಕಲ್ಪವನ್ನು ಅಳೆಯುವ ಮಾಪಕವಾಗುತ್ತದೆ. 1953ರ ಎರಡನೆಯ ಬರಹ ಅದನ್ನು ಮಾನಸಿಕ ರೋಗಗಳ ಪರೀಕ್ಷೆಗೆ ಒಯ್ಯುತ್ತದೆ. 1960ರ ಮೂರನೆಯ ಬರಹದಲ್ಲಿ ಒಂದು ಘಟಕ ಕರಗಿದಾಗ ಮತ್ತೊಂದಕ್ಕೆ ನೀರು ಬೀಳುವಂತೆ ಸಾಲಾಗಿ ಜೋಡಿಸುವ ಉಪಾಯ ಬರುತ್ತದೆ. ಸುಮಾರು 77,000 ಘಟಕಗಳಿದ್ದರೆ ಒಂದು ದಿನದ ಮುನ್ಸೂಚನೆ ದೊರೆಯುತ್ತದೆ. ಉಪಗ್ರಹದ ಉಡಾವಣೆ ಸಫಲವಾಗುವುದೋ ಇಲ್ಲವೋ ಎಂಬುದನ್ನು ಹಿಂದಿನ ದಿನವೇ ತಿಳಿಯಬಹುದು. 1973ರ ನಾಲ್ಕನೆಯದು ನಕ್ಷತ್ರಯಾನದ ಕಥೆ.

ಅಪಾಯವಿರುವುದು ಮೂರನೆಯ ಬರಹದಲ್ಲಿ. ಪುಡಿ ಕರಗಿದುದನ್ನು ಕಂಡ ಮೇಲೆ ನೀರು ಹಾಕದೆ ಬಿಟ್ಟರೆ ಏನಾದೀತು? ದ್ರವ್ಯಕ್ಕೆ ಮೋಸಮಾಡುವ ಆಸೆ ಯಾರಿಗಾದರೂ ಬರುವಂಥದೇ. ಆದರೆ ಕರಗಿದ ಪುಡಿಗೆ ನೀರು ಸಲ್ಲಲೇಬೇಕು. ಮನುಷ್ಯ ಕೊಡದಿದ್ದರೆ ಚಂಡಮಾರುತವೋ ಪ್ರವಾಹವೋ ಬಂದು ಕೊಡುತ್ತದೆ. ಒಂದು ಚಿಟಿಕೆ ಪುಡಿಗೆ ಬೇಕಾದುದು ಕೆಲವು ಹನಿ ಮಾತ್ರ. ಅದನ್ನು ತಡೆದವನ ಮೇಲೆ ಬೀಳುವುದು ಜಲಪ್ರಳಯ. ಇಷ್ಟು ತಿಳಿದ ಮೇಲೆ ಅದನ್ನು ಶತ್ರುವಿನ ಮೇಲೆ ಪ್ರಯೋಗಿಸುವ ಆಲೋಚನೆ ಮನುಷ್ಯನಿಗೆ ಹೊಳೆಯಲು ಹೊತ್ತು ಹಿಡಿಯುವುದಿಲ್ಲ. ವೆಲ್ಸನ ಔಷಧ ಕುಡಿದವನನ್ನು ಮಾತ್ರ ಸುಟ್ಟೀತು. ಇಲ್ಲಿ ಒಬ್ಬನ ಕುಟಿಲತೆಗೆ ಊರೇ ಮುಳುಗುತ್ತದೆ. ನಗೆಬರಹವೊಂದು ಇಷ್ಟು ಗಂಭೀರವಾದ ಪ್ರಶ್ನೆಗೆ ತಲುಪಿದ್ದು ವಿಶೇಷ.

ಮೊದಲ ಬರಹದ ಫಲವನ್ನು ಅಸಿಮೋವ್ ಸ್ವತಃ ಉಣ್ಣಬೇಕಾಯಿತು. ಪರೀಕ್ಷಕರು ಮುನಿದಾರೆಂದು ಹೆದರಿ ಅದನ್ನು ಗುಪ್ತನಾಮದಲ್ಲಿ ಪ್ರಕಟಿಸುವಂತೆ ಸಂಪಾದಕ ಜಾನ್ ಕ್ಯಾಂಬೆಲ್‌ನನ್ನು ಕೇಳಿಕೊಂಡಿದ್ದ, ಅಚ್ಚಾದದ್ದು ನಿಜನಾಮದಲ್ಲೇ. 1948ರ ಮೇ ತಿಂಗಳಲ್ಲಿ ಮೌಖಿಕ ಪರೀಕ್ಷೆ ಬಂದಿತು. ಪ್ರಶ್ನೆಗಳೆಲ್ಲ ಮುಗಿಯುತ್ತ ಬಂದಾಗ ಪರೀಕ್ಷಕರೊಬ್ಬರು ಥಯೋಟಿಮೋಲಿನ್‌ನ ಉಷ್ಣಗತಿಕ ಗುಣಗಳನ್ನು ವಿವರಿಸುವಂತೆ ಗಂಭೀರವಾಗಿ ಕೇಳಿದರು. ಅನುತ್ತೀರ್ಣನಾಗುವವನನ್ನು ಯಾರೂ ಹೀಗೆ ತಮಾಷೆ ಮಾಡುವುದಿಲ್ಲವೆಂದು ಅಸಿಮೋವನಿಗೆ ಹೊಳೆದು ನಗು ತಡೆಯದಾಯಿತು. ಅವನನ್ನು ಹೊರಗೆ ಕರೆದೊಯ್ಯಬೇಕಾಯಿತು. ಪದವಿ ಘೋಷಣೆಯಾದದ್ದು ಆಮೇಲೆ.