ಮಾತನಾಡುವ ಯಂತ್ರವೂ ಮುನಿಯುವ ಗೆಳೆಯನೂ

ಜೋಸೆಫ್ ವೈಜೆನ್‌ಬಾಮ್ ಎಂಬ ಅಮೆರಿಕದ ಪ್ರಾಧ್ಯಾಪಕರು, ಗಣಕಯಂತ್ರವು ಮನುಷ್ಯನೊಡನೆ ಸಂಭಾಷಿಸುವಂತೆ ‘ಎಲೈಜಾ’ ಎಂಬ ಕ್ರಮವಿಧಿಯೊಂದನ್ನು ರಚಿಸಿ 1966ರಲ್ಲಿ ಪ್ರಕಟಿಸಿದರು. “ನನಗೆ ದುಃಖವಾಗಿದೆ” ಎಂದು ಬೆರಳಚ್ಚಿಸಿದರೆ, “ನಿಮಗೆ ದುಃಖವಾಗಿರುವುದೇಕೆ?” ಎಂದು ಅದು ನಮ್ಮ ಮಾತನ್ನೇ ತಿರುಗಿಸಿ ಕೇಳುತ್ತಿತ್ತು, ದುಃಖವೆಂದರೇನೆಂದು ಅದಕ್ಕೆ ತಿಳಿಯದು. ಆದರೂ ಅದರ ರಚನೆಯನ್ನು ತಿಂಗಳುಗಟ್ಟಲೆ ಕಣ್ಣಾರೆ ಕಂಡಿದ್ದ ಅವರ ಕಾರ್ಯದರ್ಶಿನಿಯೇ, ಅದರೊಡನೆ ಮಾತಿಗೆ ಕುಳಿತಾಗ, ಅವರನ್ನು ಸ್ವಲ್ಪ ಹೊರಗಿರುವಂತೆ ಕೇಳಿಕೊಂಡರಂತೆ! ಕಳವಳಗೊಂಡ ಪ್ರಾಧ್ಯಾಪಕರು, ಅನುಕಂಪ ಬೇಡುವ ಕಾರ್ಯಗಳನ್ನು ಯಂತ್ರಕ್ಕೊಪ್ಪಿಸಬಾರದೆಂದು 1976ರಲ್ಲಿ ಗ್ರಂಥವನ್ನೇ ಬರೆದರು.

ಇಂದಿನ ಯಂತ್ರಗಳು ಎಷ್ಟೋ ನಿಪುಣವಾಗಿವೆ. ಹಗಲಿರುಳೂ ಸಿದ್ಧವಾಗಿರುತ್ತವೆ, ಮುನಿಯುವುದಿಲ್ಲ. ಅದೇ ಅವುಗಳ ಕೊರತೆಯೆಂದು ನನಗೆ ತೋರುತ್ತದೆ. ವಿದ್ಯಾರ್ಥಿಗಳೇ, ನಿನ್ನೆ ಆಟದಲ್ಲಿ ಜಗಳವಾಡಿ ಮಾತು ಬಿಟ್ಟ ಗೆಳೆಯನು ಇಂದು ಬುತ್ತಿ ಬಿಚ್ಚಿ ಅರ್ಧ ರೊಟ್ಟಿಯನ್ನು ನಿಮ್ಮತ್ತ ಸರಿಸಿದರೆ, ಅದಕ್ಕಾಗಿ ಅವನು ತನ್ನ ಸಿಟ್ಟನ್ನೂ ನಾಚಿಕೆಯನ್ನೂ ನುಂಗಿರಬೇಕು.